ಬಗ್ಗದ ಬ್ಯಾನರ್

ಮ್ಯಾಂಚೆಸ್ಟರ್ ಬಳಿಯ ಬರ್ಚ್‌ಕ್ಲಫ್ ಊರಿನವರ ಹಟ ಎಂಥದ್ದು ಅಂತ ತಿಳಿಯಬೇಕಾದರೆ ಅವರ ಚರ್ಚಿನ ಭಾನುವಾರದ ಶಾಲೆಯ ಬ್ಯಾನರನ್ನು ನೋಡಬೇಕು. ಎರಡಾಳೆತ್ತರದ ನೀಲಿ ರೇಷ್ಮೆ, ನಡುವೆ ಕುರಿಮರಿ ಹೊತ್ತ ಏಸು, ಎರಡು ಪಕ್ಕಕ್ಕೆ ಹಿತ್ತಾಳೆ ಗುಬಟಿನ ಕಂಬಗಳು, ಗಾಳಿ ಹೊತ್ತೊಯ್ಯದಂತೆ ಎಳೆದು ಹಿಡಿಯಲು ಹಗ್ಗಗಳು. ಈಸ್ಟರ್ ಕಳೆದು ಏಳು ವಾರಕ್ಕೆ ಬರುವ ವಿಟ್ ಹಬ್ಬದ ಸೋಮವಾರ ಬೆಳಿಗ್ಗೆ ಗುಡ್ಡದ ಮೇಲಿನ ಚರ್ಚಿನ ಅಂಗಳದಲ್ಲಿ ಅದನ್ನು ಎತ್ತಿ ನಿಲ್ಲಿಸಿದರೆಂದರೆ ಮುಗಿಯಿತು. ಮೆರವಣಿಗೆ ಊರು ಸುತ್ತಿ ಅದೇ ಅಂಗಳಕ್ಕೆ ಮರಳುವವರೆಗೆ ಇಳಿಸುವಂತಿಲ್ಲ, ಬಗ್ಗಿಸುವಂತಿಲ್ಲ. ಒಂದು ವರ್ಷ ಬಿರುಗಾಳಿಗೆ ಕಂಬ ಹೊತ್ತವನ ಮಣಿಕಟ್ಟೇ ಮುರಿಯಿತು. ಪುಣ್ಯಾತ್ಮ ಮುರಿದ ಕೈಯಲ್ಲೇ ಚರ್ಚಿನವರೆಗೆ ನಡೆದು, ಬ್ಯಾನರ್ ಒಳಗಿಟ್ಟು, ಆಮೇಲೆ ಆಸ್ಪತ್ರೆಗೆ ಹೋದ. ಅವನು ಎನಿಡ್ ಕ್ರಾಂಪ್ಟನ್ನಳ ಅಪ್ಪ.

ಊರಿನ ನಡುವೆ ರೈಲು ಸೇತುವೆಯಿದೆ. ಸೇತುವೆ ತಗ್ಗು, ಬ್ಯಾನರ್ ಎತ್ತರ. ಆದ್ದರಿಂದ ಮೆರವಣಿಗೆ ಸೇತುವೆಯವರೆಗೆ ಬಂದು, ಹುಲ್ಲಿನ ಮೇಲೆ ಚೆಂಡು ಉರುಳಿಸಿ ಆಡುವ ಬೌಲಿಂಗ್ ಮೈದಾನದ ಓಣಿಯಲ್ಲಿ ತಿರುಗಿ ಮೇಲಕ್ಕೆ ಹೋಗುವುದು ವಾಡಿಕೆ. ಇದು ಅವರು ಹೇಳುವ ಕಾರಣ. ಅಸಲಿ ಕಾರಣ ಏನಂತ ಯಾರಿಗೆ ಗೊತ್ತಿಲ್ಲ? ಮೊದಲು ಇಲ್ಲೆಲ್ಲ ಹೊಲ, ಒಂದು ಬಟ್ಟೆ ಬಿಳುಪಿಸುವ ಕಾರ್ಖಾನೆ. ರೈಲು ಬಂತು, ಮ್ಯಾಂಚೆಸ್ಟರಿನ ಹೊಗೆ ತಾಳಲಾರದ ಪ್ರಾಟೆಸ್ಟೆಂಟ್ ಹತ್ತಿ ವ್ಯಾಪಾರಿಗಳು ಗುಡ್ಡದ ಮೇಲೆ ತೋಟದ ಮನೆ ಕಟ್ಟಿಕೊಂಡರು. ಹಳಿ ಹಾಕಲು ಬಂದ ಐರ್ಲೆಂಡಿನ ಕ್ಯಾಥೊಲಿಕರು ಸೇತುವೆಯಾಚೆ ಇಟ್ಟಿಗೆ ಸಾಲುಮನೆಗಳಲ್ಲಿ ಉಳಿದರು. ಮೇಲಿನವರ ಮೆರವಣಿಗೆ, ಅವರ ಮಾತಲ್ಲಿ 'ನಡಿಗೆ', ಸೋಮವಾರ; ಕೆಳಗಿನವರದು ಅದೇ ವಾರ ಶುಕ್ರವಾರ. ಒಬ್ಬರ ನಡಿಗೆಯ ದಿನ ಮಳೆ ಬಂದರೆ ಇನ್ನೊಬ್ಬರಿಗೆ ವರ್ಷಪೂರ್ತಿ ಸಂತೋಷ. "ನೋಡಿದ್ರಾ, ಮೇಲಿರೋನು ಯಾರ ಪಕ್ಷ ಅಂತ?" ಎಂದು ಹಲ್ಲು ಕಿರಿಯುತ್ತಿದ್ದರು.

ಎನಿಡ್ ಮೇಲಿನವಳು. ಬರ್ನಾರ್ಡ್ ಮುಲ್ವೇ ಸೇತುವೆಯಾಚೆಯ ಟ್ಯಾನರ್ ಬೀದಿಯವನು, ಹಳಿ ರಿಪೇರಿ ಮಾಡುವ ತಂಡದಲ್ಲಿದ್ದವನು. ಎರಡನೇ ಮಹಾಯುದ್ಧ ಮುಗಿದ ಹೊಸತರಲ್ಲಿ ಸಹಕಾರಿ ಸಂಘದ ಮಹಡಿಯ ಮೇಲೆ ಶನಿವಾರದ ಕುಣಿತವಿರುತ್ತಿತ್ತು. ಅಲ್ಲಿ ಇಬ್ಬರಿಗೂ ಪರಿಚಯವಾಯಿತು, ಪರಿಚಯ ಕೈಮೀರಿತು. ಹುಡುಗ ಧೈರ್ಯ ಮಾಡಿ, ತೊಳೆದ ಅಂಗಿ ತೊಟ್ಟು, ಹೆಣ್ಣು ಕೇಳಲು ಗುಡ್ಡ ಹತ್ತಿ ಬಂದ. ಎನಿಡಳ ಅಪ್ಪ ಅವನನ್ನು ಒಳಗೂ ಕರೆಯಲಿಲ್ಲ.

"ನನ್ನ ಬ್ಯಾನರ್ ಯಾವತ್ತು ಬಗ್ಗಿ ಆ ಸೇತುವೆ ದಾಟ್ತದೋ, ಅವತ್ತು ನನ್ನ ಮಗಳೂ ದಾಟ್ತಾಳೆ. ಹೋಗಪ್ಪ," ಎಂದು ಬಾಗಿಲು ಹಾಕಿಕೊಂಡ.

ಬರ್ನಾರ್ಡ್ ಕೆಲವು ವರ್ಷ ಕಾದ. ಎನಿಡ್ ಅಪ್ಪನನ್ನು ಎದುರಿಸಲಿಲ್ಲ. ಎದುರಿಸಬೇಕಿತ್ತು ಅಂತ ಅವಳಿಗೆ ಅನ್ನಿಸದ ದಿನವೇ ಇಲ್ಲ, ಬಿಡಿ. ಕೊನೆಗೆ ಅವನು ತನ್ನ ಬೀದಿಯ ಕ್ಯಾಥ್ಲೀನಳನ್ನು ಮದುವೆಯಾದ. ಎನಿಡ್ ಮದುವೆಯಾಗಲಿಲ್ಲ, ಮೇಲಿನ ರಸ್ತೆಯಲ್ಲಿ ಉಲ್ಲನ್ ಅಂಗಡಿ ಹಾಕಿದಳು. ಆ ಅಂಗಡಿಗೆ ಕ್ಯಾಥ್ಲೀನ್ ಬಂದು ಹುಟ್ಟಲಿರುವ ಮಗುವಿಗೆ ಹಳದಿ ಉಲ್ಲನ್ ಕೇಳಿದಾಗ, ಎನಿಡ್ ಇದ್ದುದರಲ್ಲೇ ಮೆದುವಾದದ್ದನ್ನು ಆರಿಸಿ ಕೊಟ್ಟು, ಅವಳು ಹೋದ ಮೇಲೆ ಹಿಂದಿನ ಕೋಣೆಯಲ್ಲಿ ಕೂತು ಮನಸಾರೆ ಅತ್ತಳು. ಬರ್ನಾರ್ಡ್ ಎದುರಾದರೆ ಇಬ್ಬರೂ ತಲೆಯಾಡಿಸುತ್ತಿದ್ದರು. ಅರ್ಧ ಮೈಲಿ ದೂರದಲ್ಲಿ ಇಡೀ ಆಯುಷ್ಯ ಹಾಗೇ ಕಳೆಯಿತು.

ಈಗ ಎನಿಡಳ ಕೂದಲೆಲ್ಲ ಬಿಳಿ. ಕ್ಯಾಥ್ಲೀನ್ ತೀರಿಕೊಂಡಿದ್ದಾಳೆ. ಕೆಳಗಿನವರ ಚರ್ಚು ಮುಚ್ಚಿ, ಅವರ ಶುಕ್ರವಾರದ ನಡಿಗೆ ನಿಂತು ಎಷ್ಟೋ ಕಾಲವಾಯಿತು. ಈಗ ಮೇಲಿನ ಚರ್ಚಿನ ಸರದಿ. ಈ ಬೇಸಿಗೆ ಕಳೆದರೆ ಅದಕ್ಕೂ ಬೀಗ, ಬ್ಯಾನರ್ ಪುರಭವನದ ಗಾಜಿನ ಪೆಟ್ಟಿಗೆಗೆ. ಅಂದರೆ ಇದೇ ಕಡೆಯ ನಡಿಗೆ. ಅದೇ ವಾರ ಬರ್ನಾರ್ಡನ ಮಗಳು ತೆರೇಸಾ ಅಂಗಡಿಗೆ ಬಂದವಳು, "ಅಪ್ಪನ ಕಾಲು ಪೂರಾ ಹೋಯ್ತು ಆಂಟಿ. ಮುಂದಿನ ಕೋಣೆಗೇ ಮಂಚ ಹಾಕಿದೀವಿ. ಕಿಟಕಿ ಬಿಟ್ರೆ ಅವನಿಗೆ ಬೇರೆ ಲೋಕ ಇಲ್ಲ," ಎಂದು ಹೇಳಿ ಹೋದಳು. ಎನಿಡ್ ಅವತ್ತು ರಾತ್ರಿಯ ಊಟ ಮುಟ್ಟಲಿಲ್ಲ. ಒಂದೇ ಒಂದು ಆಸೆ ಅವಳ ಎದೆಯಲ್ಲಿ ಎದ್ದು ಕೂತಿತ್ತು: ಆ ಕಿಟಕಿಯ ಮುಂದೆ ಬ್ಯಾನರ್ ಹೋಗಬೇಕು, ಅವನು ನೋಡಬೇಕು.

ಮಾರನೆಯ ದಿನ ಚರ್ಚಿನ ಹಾಲ್‌ನಲ್ಲಿ ಸಭೆ. ಬ್ಯಾನರ್ ಹೊರುವವರ ಮುಖಂಡ ಕೀತ್ ಶಾರಕ್, ನಲ್ಲಿ ರಿಪೇರಿಯವನು, ಆನೆಯಂಥ ಆಳು, ಆಲೂಗಡ್ಡೆ ಪೈ ತಿನ್ನುತ್ತ ಕೂತಿದ್ದ. ಎನಿಡ್ ಮಾತೆತ್ತಿದ ಕೂಡಲೇ ಅವನ ಚಮಚ ನಿಂತಿತು.

"ಸೇತುವೆ ಕೆಳಗಾ? ಬಗ್ಗಿಸಿಕೊಂಡಾ? ಆಂಟಿ, ನೀವು ಹೇಳ್ತಿದೀರಾ ಇದನ್ನ? ಟೆಲಿಫೋನ್ ತಂತಿ ತಾಗ್ತದೆ ಅಂತ ಒಂದ್ ಗೇಣು ಓರೆ ಮಾಡಿದ್ದಕ್ಕೆ ನಮ್ಮಪ್ಪನ್ನ ಬೀದೀಲಿ ನಿಲ್ಸಿ ಉಗಿದೋರು ನೀವು!"

"ಉಗಿದಿದ್ದೆ. ಈಗ ಬಗ್ಗಿಸು ಅಂತಿದೀನಿ."

"ನಿಮ್ಮಪ್ಪ ಗೋರೀಲಿ ಮಗ್ಗುಲು ಬದಲಾಯಿಸ್ತಾರೆ."

"ಬದಲಾಯಿಸ್ಲಿ. ಒಂದೇ ಮಗ್ಗುಲಲ್ಲಿ ಮಲಗಿ ಮಲಗಿ ಬೇಜಾರಾಗಿರತ್ತೆ."

ಯಾರೋ ಕಿಸಕ್ಕೆಂದರು. ಕೀತ್ ಪೈ ತಟ್ಟೆ ಪಕ್ಕಕ್ಕಿಟ್ಟು ಮುದುಕಿಯ ಮುಖವನ್ನೇ ನೋಡಿದ. ಬರ್ಚ್‌ಕ್ಲಫ್‌ನಲ್ಲಿ ಗುಟ್ಟು ಅಂದರೆ ಎಲ್ಲರಿಗೂ ಗೊತ್ತಿದ್ದು ಎದುರಿಗೆ ಯಾರೂ ಆಡದ ಮಾತು ಅಷ್ಟೆ.

"ಟ್ಯಾನರ್ ಬೀದೀನಾ?" ಅಂದ, ದನಿ ತಗ್ಗಿಸಿ.

"ಟ್ಯಾನರ್ ಬೀದಿ. ಆದ್ರೆ ಯಾರೂ ಪಿಟ್ಟನ್ಬಾರ್ದು. ಆ ಬೀದಿಯವರಿಗೆ ಯಾರಾದ್ರೂ ಬಾಯಿ ಬಿಟ್ರೋ, ನೋಡಿ."

ಯಾಕೆ ಹೇಳಿ ಕಳಿಸಬಾರದಿತ್ತು? ಈ ವಯಸ್ಸಿನಲ್ಲೂ ನಾಚಿಕೆ, ಇನ್ನೇನು! 'ನಿನಗೋಸ್ಕರ ಬರ್ತಿದೀನಿ' ಅಂತ ಮುಂಚಿತವಾಗಿ ತಿಳಿಸುವುದಕ್ಕೆ ಅವಳ ನಾಲಿಗೆ ಏಳಲಿಲ್ಲ. ಅದೂ ಅಲ್ಲದೆ, ಕಿಟಕಿಯಲ್ಲಿ ಥಟ್ಟನೆ ನೀಲಿ ರೇಷ್ಮೆ ಕಂಡಾಗ ಅವನ ಮುಖ ಹೇಗಾಗುತ್ತದೆಂದು ನೋಡುವ ಆಸೆ.

ಸೋಮವಾರ ಮೋಡವಿತ್ತು, ಮಳೆಯಿರಲಿಲ್ಲ. ಎನಿಡ್ ಹೊಸ ನೀಲಿ ಕೋಟು ತೊಟ್ಟು, ಬ್ಯಾನರಿನ ಅಂಚಿನಿಂದ ಇಳಿಬಿದ್ದ ರಿಬ್ಬನ್ ಹಿಡಿದು ನಡೆದಳು. ಮುಂದೆ ಹಿತ್ತಾಳೆ ವಾದ್ಯದವರು, ಹಿಂದೆ ಬಿಳಿ ಫ್ರಾಕಿನ ಒಂದಷ್ಟು ಪುಟ್ಟ ಹುಡುಗಿಯರು. ಸೇತುವೆಯ ಹತ್ತಿರ ಬಂದಾಗ ವಾದ್ಯ ನಿಂತಿತು. ಪಾದಚಾರಿ ದಾರಿಯಲ್ಲಿ ನಿಂತ ಮುದುಕರು ಎಂದಿನಂತೆ ಓಣಿಯ ಕಡೆ ತಿರುಗುತ್ತಾರೆಂದು ಸರಿದು ಜಾಗ ಬಿಟ್ಟರು. ಕೀತ್ ತಿರುಗಲಿಲ್ಲ.

"ಆಂಟಿ, ಕಡೇ ಸಲ ಕೇಳ್ತೀನಿ."

"ಬಗ್ಸೋ."

ಹಗ್ಗದವರು ಸಡಿಲ ಬಿಟ್ಟರು. ಕಂಬಗಳು ನಿಧಾನವಾಗಿ ಮುಂದಕ್ಕೆ ವಾಲಿದವು, ಕುರಿಮರಿ ಹೊತ್ತ ಏಸು ನೆಲಕ್ಕೆ ಮುಖ ಮಾಡಿದ. ಗುಂಪಿನಲ್ಲಿ ಯಾರೋ ಮುದುಕ "ಅಯ್ಯೋ ದೇವರೇ" ಅಂದ. ಎನಿಡಳಿಗೆ ಅಪ್ಪನ ಮುರಿದ ಮಣಿಕಟ್ಟು ಕಣ್ಣ ಮುಂದೆ ಬಂತು. ಆದರೂ ರಿಬ್ಬನ್ ಬಿಡದೆ, ತಣ್ಣಗೆ ನೀರು ತೊಟ್ಟಿಕ್ಕುವ ಆ ಕಮಾನಿನ ಕತ್ತಲೆಯನ್ನು ದಾಟಿದಳು. ಆಚೆ ಬ್ಯಾನರ್ ಮತ್ತೆ ಎದ್ದಿತು, ವಾದ್ಯದವರು ಮೈಯಲ್ಲಿ ದೆವ್ವ ಹೊಕ್ಕವರಂತೆ ಊದಿದರು.

ಟ್ಯಾನರ್ ಬೀದಿಯ ಬಾಗಿಲುಗಳೆಲ್ಲ ತೆರೆದವು. ಹೆಂಗಸರು ಏಪ್ರನ್ನಿನಲ್ಲೇ ಓಡಿಬಂದರು. ಎನಿಡಳ ಕಣ್ಣು ಹಸಿರು ಬಾಗಿಲಿನ ಪಕ್ಕದ ಕಿಟಕಿಯ ಮೇಲಿತ್ತು. ಪರದೆ ಸರಿಸಿತ್ತು, ಮಂಚ ಕಾಣುತ್ತಿತ್ತು. ಮಂಚದ ಮೇಲೆ ಮಡಿಸಿಟ್ಟ ಕಂಬಳಿ ಮಾತ್ರ ಇತ್ತು.

ಪಕ್ಕದ ಮನೆಯವಳು ಅವಳ ಮುಖ ನೋಡಿ ಹತ್ತಿರ ಬಂದಳು. "ಗಾಬರಿ ಆಗ್ಬೇಡಿ ಅಮ್ಮ, ಚೆನ್ನಾಗೇ ಇದಾನೆ. ನಿಮ್ಮ ಬ್ಯಾನರ್ ನೋಡಕ್ಕೇ ಮೇಲೆ ಹೋಗಿದಾನೆ!"

"ಮೇಲಾ?"

"ಬೌಲಿಂಗ್ ಮೈದಾನದ ಮೂಲೆಗೆ. ಬ್ಯಾನರ್ ಸೇತುವೆ ದಾಟಲ್ವಲ್ಲ, ಇಲ್ಲಿ ಕೂತ್ರೆ ಏನ್ ಕಾಣತ್ತೆ? ಈ ವರ್ಷ ಕಡೇದು ಅಂತ ಹಟ ಹಿಡಿದು ತೆರೇಸಾ ಕೈಲಿ ಕಾರಿಗೆ ಹಾಕಿಸ್ಕೊಂಡ. ಪ್ರತಿ ವರ್ಷ ಅಲ್ಲೇ ತಾನೇ ಅವನು, ಬೇಲಿ ಹತ್ರ. ನೀವು ನೋಡೇ ಇಲ್ವಾ?"

ನೋಡಿರಲಿಲ್ಲ. ರಿಬ್ಬನ್ ಹಿಡಿದವರು ಅತ್ತಿತ್ತ ನೋಡುವಂತಿಲ್ಲ, ದೃಷ್ಟಿ ನೇರ ಮುಂದಿರಬೇಕು. ಅದನ್ನು ಹುಡುಗಿಯರಿಗೆಲ್ಲ ಗದರಿಸಿ ಕಲಿಸಿದವಳೇ ಇವಳು.

ಎನಿಡ್ ರಿಬ್ಬನ್ನನ್ನು ಆ ಹೆಂಗಸಿನ ಕೈಗೆ ತುರುಕಿದಳು. "ಹಿಡ್ಕೊಳ್ಳಮ್ಮ," ಅಂದವಳೇ ಹಿಂದಕ್ಕೆ ಹೊರಟಳು. ನಡಿಗೆಯ ನಡುವೆ ಸಾಲು ಬಿಟ್ಟವರು ಬರ್ಚ್‌ಕ್ಲಫ್‌ನಲ್ಲಿ ಅವಳೇ ಮೊದಲು. ಕೀತ್ ಹಿಂದಿನಿಂದ "ಆಂಟೀ!" ಅಂತ ಕೂಗಿದ್ದು ಕಿವಿಗೆ ಬೀಳಲಿಲ್ಲ. ಸೇತುವೆ ದಾಟಿ, ಏದುಸಿರು ಬಿಡುತ್ತ, ಗೋಡೆ ಹಿಡಿದು ನಿಂತು, ಮತ್ತೆ ಓಣಿ ಹತ್ತಿದಳು.

ಮೂಲೆಯಲ್ಲಿ ಬೇಲಿಯ ಪಕ್ಕ ಗಾಲಿಕುರ್ಚಿಯಲ್ಲಿ ಬರ್ನಾರ್ಡ್ ಒಬ್ಬನೇ ಕೂತಿದ್ದ. ತೆರೇಸಾ ಐಸ್‌ಕ್ರೀಮ್ ತರಲು ಹೋಗಿದ್ದಳು. ಟೈ ಕಟ್ಟಿದ್ದ. ಓಣಿಯ ತುದಿಯನ್ನೇ ನೋಡುತ್ತಿದ್ದವನಿಗೆ ಬರಿಗೈಯಲ್ಲಿ ಬಂದ ಎನಿಡ್ ಕಂಡಳು.

"ಏನೇ ಇದು, ಒಬ್ಳೇ? ಬ್ಯಾನರ್ ಎಲ್ಲಿ?"

"ನಿನ್ನ ಮನೆ ಮುಂದೆ."

ಅವನು ತಮಾಷೆಯೆಂದುಕೊಂಡು ನಗಲು ಹೋದ. ಆಗ ಗಾಳಿ ತಿರುಗಿತು. ಕೆಳಗಿನಿಂದ, ರೈಲು ಹಳಿಯ ಆಚೆಯಿಂದ, ತುತ್ತೂರಿಗಳ ಸದ್ದು ಬಂತು. ಅವನ ನಗು ಅರ್ಧಕ್ಕೇ ನಿಂತಿತು.

"ಬಗ್ಗಿಸಿದ್ರಾ?"

"ನಾನೇ ಬಗ್ಗಿಸ್ದೆ. ನೀನು ಕಿಟಕೀಲಿ ನೋಡ್ಲಿ ಅಂತ."

"ನಾನು ಅಲ್ಲಿರ್ಲಿಲ್ವಲ್ಲೇ."

"ಇರ್ಲಿಲ್ಲ."

ಎನಿಡ್ ಅವನ ಪಕ್ಕದ ಬೆಂಚಿನಲ್ಲಿ ಕುಸಿದು ಕೂತಳು. ಈ ವಯಸ್ಸಿನ ಇಬ್ಬರು ಬೀದಿಬದಿಯಲ್ಲಿ ಕೂತು ಮಕ್ಕಳ ಹಾಗೆ ಅತ್ತರು, ಯಾರು ನೋಡಿದರೂ ನೋಡಲಿ ಎಂದು. ಕೆಳಗೆ ವಾದ್ಯದವರು ಅವನ ಖಾಲಿ ಕೋಣೆಯ ಮುಂದೆ ಇನ್ನೊಂದು ಹಾಡು ಶುರು ಮಾಡಿದರು.

"ಪ್ರತಿ ವರ್ಷ ಇಲ್ಲೇ ನಿಲ್ತಿದ್ದೆ ಕಣೇ," ಎಂದ ಅವನು, ಕಣ್ಣೊರೆಸಿಕೊಂಡು. "ಒಂದ್ಸಲ ಈ ಕಡೆ ತಿರುಗ್ತೀಯೇನೋ ಅಂತ."

"ತಿರುಗೋ ಹಾಗಿರ್ಲಿಲ್ಲ ಬರ್ನಾರ್ಡ್."

"ಗೊತ್ತು," ಎಂದ ಅವನು. "ಗೊತ್ತಿದ್ದೂ ಬರ್ತಿದ್ದೆ."

ಎನಿಡ್ ಕೈವಸ್ತ್ರದಿಂದ ಮೂಗು ಒರೆಸಿಕೊಂಡು, ಅವನ ಕಡೆಗೆ ಪೂರ್ತಿ ತಿರುಗಿ ಕೂತಳು. ಮೆರವಣಿಗೆ ಅವಳನ್ನು ಬಿಟ್ಟು ಚರ್ಚಿಗೆ ಮರಳಿದಾಗಲೂ ಅವಳು ಅತ್ತ ನೋಡಲಿಲ್ಲ.