ಮೇಣದ ಹಲ್ಲು

ಬೀದಿಯವರೆಲ್ಲ ಅವಳ ಅಪ್ಪನನ್ನು ಮೈಕು ಎಂದೇ ಕರೆಯುತ್ತಿದ್ದರು. ಯಾವ ಬಸ್ಸು ಎಲ್ಲಿ ನಿಂತಿದೆ, ಯಾವುದು ಎಷ್ಟು ತಡ ಎಂದು ಬಸ್ ನಿಲ್ದಾಣದಲ್ಲಿ ಇಪ್ಪತ್ತಾರು ವರ್ಷ ಕೂಗಿದ ಮನುಷ್ಯ. ಮನೆಯಲ್ಲೂ ಅದೇ ಗತ್ತು, ಒಂದು ಲೋಟ ನೀರು ಕೇಳಿದರೂ ನಾಲ್ಕು ಮನೆಗೆ ಗೊತ್ತಾಗಬೇಕು. ಅಂಥವನ ಮೇಲಿನ ಹಲ್ಲುಗಳು ಒಂದೊಂದಾಗಿ ಅಲ್ಲಾಡತೊಡಗಿ, ಕೊನೆಗೆ ಎಲ್ಲವನ್ನೂ ಕೀಳಿಸಬೇಕಾಯಿತು. ಆಮೇಲೆ 'ಸ' ಎನ್ನಲು ಹೋದರೆ ಬರೀ ಗಾಳಿ, 'ತ' ಎನ್ನಲು ಹೋದರೆ ಎಂಜಲು. ನಿಲ್ದಾಣದವರು ಅವನನ್ನು ಮೈಕಿನ ಮುಂದಿನಿಂದ ಎಬ್ಬಿಸಿ, ಪ್ರಯಾಣಿಕರ ಸಾಮಾನು ಕಾಯುವ ಕೋಣೆಯಲ್ಲಿ ಕೂರಿಸಿದರು.

ಆದರೆ ಮಗಳ ಜತೆ ಅವನು ಮಾತು ಬಿಟ್ಟಿದ್ದಕ್ಕೂ ಹಲ್ಲಿಗೂ ಸಂಬಂಧವಿರಲಿಲ್ಲ. ಅದು ಎರಡೂವರೆ ವರ್ಷದ ಹಿಂದಿನ ಕಥೆ. ಮಗಳು ಹಲ್ಲಿನ ಡಾಕ್ಟರಾಗಲು ಓದುತ್ತಿದ್ದಳು. ಪುಸ್ತಕದ ಓದಿನಲ್ಲಿ ಯಾರಿಗೂ ಕಮ್ಮಿಯಿರಲಿಲ್ಲ. ಜೀವಂತ ಮನುಷ್ಯ ಬಾಯಿ ತೆರೆದು ಎದುರಿಗೆ ಕೂತರೆ ಮಾತ್ರ ಅವಳ ಕೈ ನಡುಗುತ್ತಿತ್ತು. ಮೂರನೇ ವರ್ಷ ಒಂದು ದಿನ ಉಪಕರಣ ಜಾರಿ ಒಬ್ಬ ಮುದುಕಿಯ ಕೆನ್ನೆಯ ಒಳಭಾಗ ಸೀಳಿಹೋಯಿತು. ಬಾಯಿ ತುಂಬ ರಕ್ತ ಇಟ್ಟುಕೊಂಡೇ ಆ ಮುದುಕಿ, "ಪರವಾಗಿಲ್ಲ ಬಿಡು ಮಗಳೇ," ಎಂದಳಂತೆ. ಬೈದಿದ್ದರೆ ಇವಳು ಮರುದಿನ ಕಾಲೇಜಿಗೆ ಹೋಗುತ್ತಿದ್ದಳೋ ಏನೋ. ಆ ಮಾತು ಕೇಳಿದ ಮೇಲೆ ಮತ್ತೆ ಆ ಕಡೆ ತಲೆ ಹಾಕಲಿಲ್ಲ. ಅಪ್ಪ ಮಾತು ಬಿಟ್ಟಿದ್ದು ಅಂದಿನಿಂದ.

ಪದವಿಯಿಲ್ಲದೆ ಬಿಟ್ಟು ಬಂದವಳಿಗೆ ಬುದ್ಧಿ ಹೇಳುವವರಿಗೇನು ಬರ. ಟೈಪಿಂಗ್ ಕಲಿ ಎಂದರು, ಅಂಗಡಿಯಲ್ಲಿ ನಿಲ್ಲು ಎಂದರು. ನಾಲ್ಕು ತಿಂಗಳು ಗೋಡೆ ನೋಡಿಕೊಂಡು ಕೂತವಳು, ಕೊನೆಗೆ ಕಟ್ಟಿಸುವ ಹಲ್ಲು ತಯಾರಿಸುವುದನ್ನು ಕಲಿಸುವ ಎರಡು ವರ್ಷದ ತರಬೇತಿಗೆ ಸೇರಿದಳು. ಟೈರ್ ಅಂಗಡಿಯ ಹಿಂದಿನ ಉದ್ದನೆಯ ಕೋಣೆ, ಹನ್ನೊಂದು ಜನ, ಎಲ್ಲರೂ ಎಲ್ಲಿಂದಲೋ ಎಡವಿ ಬಂದವರೇ. ಅಲ್ಲಿಗೆ ಡಾಕ್ಟರರು ರೋಗಿಯ ಬಾಯಿಯ ಅಚ್ಚು ತೆಗೆದು ಕಳಿಸುತ್ತಿದ್ದರು. ಪ್ಲಾಸ್ಟರಿನ ಬಾಯಿ ನೋವು ಎನ್ನುವುದಿಲ್ಲ, ರಕ್ತ ಸುರಿಸುವುದಿಲ್ಲ. ಅದರ ಮುಂದೆ ಅವಳ ಕೈ ಕಲ್ಲಿನ ಹಾಗೆ ನಿಂತಿತು. ತರಬೇತಿ ಮುಗಿಯುತ್ತಲೇ ಕಲಿಸಿದ ಮೇಷ್ಟ್ರು ಅವಳನ್ನು ತಮ್ಮ ಲ್ಯಾಬಿಗೇ ಕೆಲಸಕ್ಕೆ ತೆಗೆದುಕೊಂಡರು.

ಕೆಲಸ ಅವಳಿಗೆ ಇಷ್ಟವಾಗಿತ್ತು. ಸುಳ್ಳೇಕೆ, ನಾಚಿಕೆಯೂ ಆಗುತ್ತಿತ್ತು. ಕಾಲೇಜಿನಲ್ಲಿ ಒಂದು ವರ್ಷ ಮುಂದಿದ್ದವರು ಡಾಕ್ಟರಾಗಿ ಕಳಿಸುವ ಚೀಟಿಗಳನ್ನು ಇವಳು ಓದಿ, ಅವರು ಹೇಳಿದ ಬಣ್ಣದ ಹಲ್ಲು ಹುಡುಕಬೇಕು. ಅದನ್ನಾದರೂ ನುಂಗಿಕೊಳ್ಳಬಹುದಿತ್ತು. ಅಪ್ಪನ ನಡತೆಯನ್ನು ನುಂಗಿಕೊಳ್ಳಲಾಗುತ್ತಿರಲಿಲ್ಲ. ಅವಳ ಕೆಲಸದ ಮಾತು ಬಂದರೆ ಅವನು ತಟ್ಟೆ ಬಿಟ್ಟು ಏಳುತ್ತಿದ್ದ. ಏನು ಕೆಲಸ, ಎಲ್ಲಿ ಎಂದು ಒಂದು ದಿನವೂ ಕೇಳಿದವನಲ್ಲ. ಬೀದಿಯವರ ಹತ್ತಿರ ಮಾತ್ರ ಮಗಳು ಇನ್ನೂ ಓದುತ್ತಿದ್ದಾಳೆಂದು ಹೇಳಿಕೊಂಡು ತಿರುಗುತ್ತಿದ್ದ. ಅವಳಿಗೆ ಬೇಕಾಗಿದ್ದು ಇಷ್ಟೇ: ನನ್ನ ಮಗಳು ಈ ಕೆಲಸ ಮಾಡುತ್ತಾಳೆಂದು ಅಪ್ಪ ಒಂದೇ ಒಂದು ಸಲ ಯಾರೆದುರಿಗಾದರೂ ಬಾಯಿಬಿಟ್ಟು ಹೇಳಬೇಕು.

ಉಪಾಯ ಹೂಡಿದ್ದು ಅಮ್ಮ. ಲ್ಯಾಬಿಗೆ ಕೆಲಸ ಕಳಿಸುವ ಡಾಕ್ಟರಮ್ಮನ ಹತ್ತಿರವೇ ಹಲ್ಲು ಕಟ್ಟಿಸಿಕೊಳ್ಳಿ ಎಂದು ಗಂಡನ ಬೆನ್ನು ಬಿದ್ದಳು. "ನೀನು ಮನಸಿಟ್ಟು ಮಾಡು," ಎಂದಳು ಮಗಳಿಗೆ. "ಬಾಯಲ್ಲಿ ಕೂತ ಮೇಲೆ ಇದು ನಾನು ಮಾಡಿದ್ದು ಅಂತ ನೀನೇ ಎದುರಿಗೆ ಹೋಗಿ ಹೇಳು. ಎಷ್ಟಾದ್ರೂ ಹೆತ್ತ ಕರುಳು, ಕರಗದೆ ಎಲ್ಲಿಗೆ ಹೋಗುತ್ತೆ."

ಅಪ್ಪನ ಬಾಯಿ ಪ್ಲಾಸ್ಟರಾಗಿ ಲ್ಯಾಬಿಗೆ ಬಂದ ದಿನ ಅವಳು ಮೇಷ್ಟ್ರನ್ನು ಕಾಡಿ ಆ ಕೆಲಸ ಇಸಿದುಕೊಂಡಳು. ರೋಗಿ ಯಾರೆಂದು ಹೇಳಲಿಲ್ಲ. ಮೇಣದ ಪಟ್ಟಿಯಲ್ಲಿ ಹಲ್ಲುಗಳನ್ನು ಕೂರಿಸಿದಳು, ಕಿತ್ತಳು, ಮತ್ತೆ ಕೂರಿಸಿದಳು. ಅಪ್ಪ ನಕ್ಕಿರುವ ಹಳೆಯ ಫೋಟೋ ಒಂದೇ ಒಂದು ಇತ್ತು. ಅದನ್ನು ದೀಪದ ಕೆಳಗಿಟ್ಟುಕೊಂಡು, ಎಡಗಡೆಯ ಹಲ್ಲೊಂದನ್ನು ಮೊದಲಿದ್ದ ಹಾಗೆಯೇ ಕೂದಲೆಳೆಯಷ್ಟು ಸೊಟ್ಟ ಮಾಡಿದಳು. ಒಂಬತ್ತು ದಿನ ಹಿಡಿಯಿತು. ಮೇಷ್ಟ್ರು ಗೊಣಗಿದರು, ಕೆಲಸ ನೋಡಿ ಸುಮ್ಮನಾದರು.

ಹಲ್ಲಿನ ಸೆಟ್ಟು ಗಟ್ಟಿಯಾಗುವ ಮೊದಲು, ಇನ್ನೂ ಮೇಣದಲ್ಲಿರುವಾಗಲೇ ರೋಗಿಯ ಬಾಯಲ್ಲಿಟ್ಟು ಮಾತಾಡಿಸಿ ನೋಡುತ್ತಾರೆ. ತಿದ್ದುವುದೇನಿದ್ದರೂ ಆಗಲೇ ತಿದ್ದಬೇಕು. ಸೆಟ್ಟು ತೆಗೆದುಕೊಂಡು ಅವಳೇ ಕ್ಲಿನಿಕ್ಕಿಗೆ ಹೋದಳು. ಡಾಕ್ಟರಮ್ಮ ಅವಳನ್ನು ಪ್ಲೈವುಡ್ ಗೋಡೆಯ ಈಚೆ ನಿಲ್ಲಿಸಿ, "ಇಲ್ಲಿಂದ ಕೇಳಿಸ್ಕೊಳ್ಳಿ, ಆಮೇಲೆ ಕರೀತೀನಿ," ಎಂದು ಒಳಗೆ ಹೋದರು.

ಗೋಡೆಯಾಚೆ ಕುರ್ಚಿ ಕಿರುಗುಟ್ಟಿತು. ಡಾಕ್ಟರಮ್ಮ ಕನ್ನಡಿ ಕೊಟ್ಟಿರಬೇಕು.

"ಇದು ನನ್ನ ಹಲ್ಲೇ," ಎಂದಿತು ಅಪ್ಪನ ದನಿ. "ನನ್ನ ಹಳೇ ಹಲ್ಲೇ ಇದು."

ಅವಳ ಕಣ್ಣು ಮಂಜಾಯಿತು. ಈಗಲೇ ನುಗ್ಗಿಬಿಡಲೇ ಎನ್ನಿಸಿತು.

"ಏನಾದ್ರೂ ಮಾತಾಡಿ ಯಜಮಾನ್ರೇ. ಸ, ಶ ಸರಿಯಾಗಿ ಬರುತ್ತಾ ನೋಡೋಣ," ಎಂದರು ಡಾಕ್ಟರಮ್ಮ.

ಅಪ್ಪ ಗಂಟಲು ಸರಿಮಾಡಿಕೊಂಡ. "ಪ್ರಯಾಣಿಕರ ಗಮನಕ್ಕೆ. ಸಂಜೆ ಏಳೂ ಹದಿನೈದರ ಬಸ್ಸು ಆರನೇ ಸಾಲಿನಲ್ಲಿ ನಿಂತಿದೆ." ಹೊರಗೆ ಕಾಯುತ್ತಿದ್ದ ರೋಗಿಗಳೆಲ್ಲ ಗಕ್ಕನೆ ಇತ್ತ ತಿರುಗಿದರು. ಡಾಕ್ಟರಮ್ಮ ನಕ್ಕು, "ಅಬ್ಬಬ್ಬ, ಇನ್ನೂ ಸ್ವಲ್ಪ ಆಗ್ಲಿ. ಮನೆ ಕಡೆ ವಿಷಯ ಹೇಳಿ. ಮಕ್ಕಳೆಷ್ಟು?" ಎಂದು ಕೇಳಿದರು.

"ಒಬ್ಬಳೇ ಮಗಳು ಡಾಕ್ಟ್ರೇ. ನಿಮ್ಮ ಓದೇ ಓದ್ತಿದಾಳೆ. ಇದು ಕೊನೇ ವರ್ಷ."

"ಹೌದಾ? ಹಾಗಾದ್ರೆ ಇನ್ನೊಂದು ವರ್ಷ ಕಾದಿದ್ರೆ ಮಗಳ ಕೈಲೇ ಮಾಡಿಸ್ಕೋಬಹುದಿತ್ತಲ್ಲ."

"ಅವಳ್ಯಾಕೆ ಇದಕ್ಕೆಲ್ಲ ಕೈ ಹಾಕ್ತಾಳೆ? ಹಲ್ಲು ಜೋಡಿಸೋಕೆ ಬೇರೆ ಜನ ಇರ್ತಾರೆ. ಓದು ಸಾಗದೆ ಬಿಟ್ಟವರು."

ಒಂದು ಅಕ್ಷರವೂ ಸೋರಲಿಲ್ಲ. ಸ, ಶ, ತ ಎಲ್ಲವೂ ಸ್ಪಷ್ಟ. ಇಂಥ ಕೆಲಸವನ್ನು ಮೇಷ್ಟ್ರು ಕೂಡ ಮಾಡಿರಲಿಕ್ಕಿಲ್ಲ. ಅವಳಿಗೆ ಅಲ್ಲೇ ಭೂಮಿಗಿಳಿದು ಹೋಗಬೇಕೆನ್ನಿಸಿತು.

"ಬನ್ನಿ ಒಳಗೆ," ಎಂದು ಡಾಕ್ಟರಮ್ಮ ಕರೆದರು. ಅವಳಿಗೆ ಹೋಗದೆ ವಿಧಿಯಿರಲಿಲ್ಲ. ಪ್ಲಾಸ್ಟರಿನ ಕಲೆ ಹತ್ತಿದ ಏಪ್ರನ್ನಿನಲ್ಲೇ ಹೋಗಿ ಕುರ್ಚಿಯ ಮುಂದೆ ನಿಂತಳು.

"ಇವರೇ ನೋಡಿ ನಿಮ್ಮ ಸೆಟ್ಟು ಮಾಡಿದವರು," ಎಂದರು ಡಾಕ್ಟರಮ್ಮ.

ಅಪ್ಪ ತಲೆಯೆತ್ತಿದ. ಅವನ ಕೈಯಲ್ಲಿದ್ದ ಕನ್ನಡಿ ತೊಡೆಯ ಮೇಲೆ ಬಿತ್ತು. ಅವಳ ಮುಖ ನೋಡಿದ, ಏಪ್ರನ್ ನೋಡಿದ, ಆಮೇಲೆ ಡಾಕ್ಟರಮ್ಮನ ಕಡೆ ನೋಡಿದ. ಇವಳೇ ನನ್ನ ಮಗಳು ಎಂದಿದ್ದರೆ ಸಾಕಿತ್ತು. ಡಾಕ್ಟರಮ್ಮ ನಕ್ಕು ಸುಮ್ಮನಾಗುತ್ತಿದ್ದರು, ಆಕಾಶವೇನೂ ಕಳಚಿ ಬೀಳುತ್ತಿರಲಿಲ್ಲ. ಅವಳು ಕಾದಳು.

"ಚೆನ್ನಾಗಿ ಮಾಡಿದೀರಮ್ಮ," ಎಂದ ಅಪ್ಪ. "ನಿಮಗೆ ಒಳ್ಳೇದಾಗ್ಲಿ."

ಎರಡೂವರೆ ವರ್ಷದ ಮೇಲೆ ಅವಳ ಮುಖ ನೋಡಿ ಆಡಿದ ಮೊದಲ ಮಾತು ಅದು.

"ಎಲ್ಲಾದ್ರೂ ಒತ್ತುತ್ತಾ?" ಎಂದು ಅವಳು ಕೇಳಿದಳು. ಎಲ್ಲ ರೋಗಿಗಳನ್ನೂ ಕೇಳುವ ಪ್ರಶ್ನೆ.

"ಇಲ್ಲ."

"ಹಾಗಾದ್ರೆ ಗುರುವಾರ ಬನ್ನಿ. ಗಟ್ಟಿ ಮಾಡಿ ಕೊಡ್ತೀವಿ."

ಡಾಕ್ಟರಮ್ಮ ಬಿಡಿಸಿಕೊಟ್ಟ ಸೆಟ್ಟನ್ನು ಅವಳು ತಣ್ಣೀರಿನಲ್ಲಿ ತೊಳೆದು ಡಬ್ಬಿಗೆ ಹಾಕಿದಳು. ಹಲ್ಲು ತೆಗೆದ ಮೇಲೆ ಅಪ್ಪನ ತುಟಿ ಮತ್ತೆ ಒಳಕ್ಕೆ ಕುಸಿಯಿತು. ಅವನು ಅಂಗೈಯಿಂದ ಬಾಯಿ ಮುಚ್ಚಿಕೊಂಡು, ಡಾಕ್ಟರಮ್ಮನಿಗೆ ತಲೆ ಬಾಗಿಸಿ ಹೊರಟುಹೋದ.

ಸಂಜೆ ಅವಳು ಮನೆಗೆ ಬಂದಾಗ ಅಪ್ಪ ಇನ್ನೂ ಬಂದಿರಲಿಲ್ಲ. ಅಮ್ಮ ಬಾಗಿಲಲ್ಲೇ ಕಾಯುತ್ತಿದ್ದಳು.

"ಗೊತ್ತಾಯ್ತಾ ಅವರಿಗೆ?"

"ಗೊತ್ತಾಯ್ತು."

"ಏನಂದ್ರು? ಬೇಗ ಹೇಳು."

ಅವಳು ಚಪ್ಪಲಿ ಬಿಚ್ಚಿ, ಗೋಡೆಯ ಪಕ್ಕಕ್ಕೆ ಸರಿಸಿ, ಬ್ಯಾಗನ್ನು ಮೊಳೆಗೆ ತಗಲಿಸಿದಳು.

"ಚೆನ್ನಾಗಿ ಮಾಡಿದೀಯ ಅಂದ್ರು. ಒಳ್ಳೇದಾಗ್ಲಿ ಅಂದ್ರು."

"ಡಾಕ್ಟರಮ್ಮನ ಎದುರಿಗೇನೇ?"

"ಹೂಂ. ಅವರ ಎದುರಿಗೇ."

ಅಮ್ಮ ಎರಡೂ ಕೈಯಿಂದ ಅವಳ ಮುಖ ಹಿಡಿದುಕೊಂಡು ಅತ್ತುಬಿಟ್ಟಳು. "ನಾನು ಹೇಳ್ಲಿಲ್ವಾ, ನಿನ್ನ ಕೆಲಸ ನೋಡಿದ್ರೆ ಕರಗ್ತಾರೆ ಅಂತ."

"ಹೌದಮ್ಮ," ಎಂದಳು ಮಗಳು.