ಭಾವಮೈದುನನ ಗೋಡೆ

ಸಿಯೆನಾ ಪಟ್ಟಣದ ಬಣ್ಣಗಾರರ ಸಂಘದವರಿಗೆ ಉಣ್ಣೆಗೆ ಬಣ್ಣ ಹಾಕುವುದು ಚೆನ್ನಾಗಿ ಗೊತ್ತಿತ್ತು, ಮನುಷ್ಯರ ಹೊಟ್ಟೆಯೊಳಗಿನ ಸಂಗತಿ ಅಷ್ಟು ಗೊತ್ತಿರಲಿಲ್ಲ. ಗೊತ್ತಿದ್ದರೆ ತಮ್ಮ ಪುಟ್ಟ ಇಗರ್ಜಿಯ ಎಡಗೋಡೆಗೆ ಚಿತ್ರ ಬರೆಯಲು ಬಿಂದೊನನ್ನು ಕರೆದು, ಎದುರಿನ ಬಲಗೋಡೆಯನ್ನು ಅವನ ಹೆಂಡತಿಯ ತಮ್ಮ ಲಾಂದೊಗೇ ಕೊಡುತ್ತಿದ್ದರೇ? ಅದೂ ಸಾಲದೆಂದು, ಹಬ್ಬದ ದಿನ ಎರಡೂ ಗೋಡೆ ನೋಡುತ್ತೇವೆ, ಯಾರದು ಮೇಲೋ ಪೀಠದ ಹಿಂದಿನ ದೊಡ್ಡ ಗೋಡೆ ಅವರಿಗೆ ಎಂದು ಬೇರೆ ಹೇಳಿದರು.

ಪೀಠದ ಹಿಂದಿನ ಗೋಡೆ ಎಂದರೆ ಊರಿಗೆ ಊರೇ ಮೊಣಕಾಲೂರಿ ತಲೆಯೆತ್ತಿ ನೋಡುವ ಗೋಡೆ. ಪಕ್ಕದ ಗೋಡೆಗಳ ಕಡೆ ಕಣ್ಣು ಹಾಯಿಸುವವರು ಪ್ರಾರ್ಥನೆಯಲ್ಲಿ ಬೇಸರ ಬಂದವರು ಮಾತ್ರ. ಬಿಂದೊ ತನ್ನ ಆಯುಷ್ಯವನ್ನೆಲ್ಲ ಪಕ್ಕದ ಗೋಡೆಗಳಿಗೇ ಸುರಿದಿದ್ದ. ಗಡ್ಡ ನೆರೆತಿತ್ತು, ಕತ್ತೆತ್ತಿ ಕೆಲಸ ಮಾಡಿ ಮಾಡಿ ಕತ್ತು ಹಿಡಿದುಕೊಂಡಿತ್ತು. ಈ ಸಲ ಸಿಗದಿದ್ದರೆ ಇನ್ನು ಸಿಗುವುದಿಲ್ಲ ಎಂಬುದು ಅವನಿಗೆ ಗೊತ್ತಿತ್ತು.

ಇಬ್ಬರ ಅಟ್ಟಣಿಗೆಗಳಿಗೂ ನೆಲದವರೆಗೆ ದಪ್ಪ ಬಟ್ಟೆ ಇಳಿಬಿಟ್ಟರು. ಹಬ್ಬದವರೆಗೆ ಒಬ್ಬರ ಕೆಲಸವನ್ನು ಇನ್ನೊಬ್ಬರು ನೋಡಕೂಡದು, ಅದು ಅಲ್ಲಿಯ ರೂಢಿ. ಎರಡೂ ಕಡೆ ನೋಡುತ್ತಿದ್ದವನು ಗಾರೆಯ ಮೆಯೊ ಒಬ್ಬನೇ. ಅವತ್ತು ಎಷ್ಟು ಬರೆಯುತ್ತಾರೋ ಅಷ್ಟೇ ಜಾಗಕ್ಕೆ ಬೆಳಿಗ್ಗೆ ಹಸಿ ಗಾರೆ ಬಳಿದು ಕೊಡುವುದು ಅವನ ಕೆಲಸ. ಗಾರೆ ಹಸಿಯಿರುವಾಗಲೇ ಬಣ್ಣ ಕುಡಿಯಬೇಕು. ಸಂಜೆಗೆ ಒಣಗಿತೆಂದರೆ ಮುಗಿಯಿತು, ಬರೆದದ್ದು ಗೋಡೆಯೇ ಆಗಿಬಿಡುತ್ತದೆ. ಮನಸ್ಸಿಗೆ ಬರಲಿಲ್ಲವೋ, ಉಳಿ ಹಿಡಿದು ಕಿತ್ತು ಹೊಸ ಗಾರೆ ಬಳಿಸಿ ಮೊದಲಿಂದ ಬರೆಯಬೇಕು. ಒರೆಸಿ ತಿದ್ದುವ ಮಾತೇ ಇಲ್ಲ.

ಬಿಂದೊನ ಗೋಡೆಯಲ್ಲಿ ಶಿಲುಬೆಯಿಂದ ಏಸುವನ್ನು ಕೆಳಗಿಳಿಸುತ್ತಿದ್ದರು. ಲಾಂದೊನದರಲ್ಲಿ ಸಮಾಧಿ ಮಾಡುತ್ತಿದ್ದರು. ಎರಡರಲ್ಲೂ ಮೇರಿ ಮಾತೆ ಇರಲೇಬೇಕಲ್ಲ. ಬಿಂದೊ ಅವಳ ಮುಖವನ್ನು ದ್ರಾಕ್ಷಿ ಕೊಯ್ಲಿಗೆ ಸ್ವಲ್ಪ ಮುಂಚೆ, ಮೋಡ ಮುಚ್ಚಿದ ಒಂದು ದಿನ ಬರೆದ. ಅವಳು ಅಳುತ್ತಿರಲಿಲ್ಲ. ಬಾಯಿ ಅರ್ಧ ತೆರೆದಿತ್ತು, ಯಾರನ್ನೋ ಊಟಕ್ಕೆ ಕರೆಯಲು ಹೊರಟು, ಅವನು ಇನ್ನಿಲ್ಲ ಎಂಬುದು ಆಗಷ್ಟೇ ನೆನಪಾದವಳ ಹಾಗೆ. ಆ ತುಟಿ ಹೇಗೆ ಬಂತು ಎಂದು ಕೇಳಿದರೆ ಬಿಂದೊಗೂ ಹೇಳಲು ಬರುತ್ತಿರಲಿಲ್ಲ. ಅವತ್ತು ಅವನು ಕುಂಚ ತೊಳೆಯುವುದನ್ನೂ ಮರೆತು ಮನೆಗೆ ಹೋಗಿ, ಹೆಂಡತಿ ತೆಸ್ಸಾ ಬಡಿಸಿದ ಕಡಲೆ ಸಾರನ್ನು ಎರಡು ಸಲ ಹಾಕಿಸಿಕೊಂಡು ತಿಂದ.

ಆ ಖುಷಿ ಹೆಚ್ಚು ದಿನ ಬಾಳಲಿಲ್ಲ. ಮರುವಾರದ ಭಾನುವಾರ ಲಾಂದೊ ಅಕ್ಕನ ಮನೆಗೆ ಊಟಕ್ಕೆ ಬಂದ.

"ಏನೋ, ವಾರದಿಂದ ಅಟ್ಟಣಿಗೆ ಹತ್ತಿಲ್ಲವಂತೆ?" ಎಂದ ಬಿಂದೊ.

"ಯಾಕೋ ಕೈ ಓಡ್ತಿಲ್ಲ ಭಾವ," ಎಂದು ಲಾಂದೊ ರೊಟ್ಟಿ ಮುರಿಯುತ್ತಾ ಕೂತ.

"ಸುಸ್ತಾಗಿರ್ಬೇಕು ಬಿಡಿ ರೀ, ಪಾಪ," ಎಂದಳು ತೆಸ್ಸಾ. ಮೊಲದ ಮಾಂಸದ ಒಳ್ಳೆಯ ತುಂಡನ್ನೆಲ್ಲ ತಮ್ಮನ ತಟ್ಟೆಗೇ ಹಾಕಿದಳು. "ಅವನ ಕೈಲಿ ದೇವರೇ ಕೂತಿದಾನೆ ಅಂತ ಪಾದ್ರಿಗಳು ಬಾವಿ ಹತ್ರ ಎಲ್ಲರ ಮುಂದೇನೇ ಹೇಳಿದ್ರು."

"ನನ್ನ ಕೈಲಿ ಯಾರು ಕೂತಿದಾರಂತೆ?"

"ನಿಮ್ಮ ಕೈ ಗಟ್ಟಿ, ಕಷ್ಟಪಟ್ಟು ದುಡಿಯೋ ಕೈ ಅಂದ್ರು."

ಕತ್ತೆಗೂ ಅದನ್ನೇ ಹೇಳುತ್ತಾರೆ ಎಂದುಕೊಂಡ ಬಿಂದೊ. ತಟ್ಟೆಯ ಮಾಂಸವನ್ನು ಬದಿಗೆ ಸರಿಸಿದ. ವಾರಗಟ್ಟಲೆ ಸುಮ್ಮನೆ ಕೂತು ತಿನ್ನುವುದಕ್ಕೂ ಒಂದು ಧೈರ್ಯ ಬೇಕು, ಆ ಧೈರ್ಯ ಇರುವವನಿಗೇ ಪೀಠದ ಗೋಡೆ ಸಿಗುವುದು ಎಂದೂ ಅವನಿಗೆ ಅನ್ನಿಸಿತು. ಭಾವಮೈದುನ ಅಗಿಯುವ ಸದ್ದೂ ಅವನಿಗೆ ಆಗಿಬರಲಿಲ್ಲ.

ಆಮೇಲೆ ಲಾಂದೊ ಅಟ್ಟಣಿಗೆ ಹತ್ತಿದ, ಕೊನೆಗೂ ಮುಗಿಸಿದ, ಹೆಂಡತಿಯ ಕಡೆಯವರ ದ್ರಾಕ್ಷಿ ಕೊಯ್ಲಿಗೆಂದು ಮೊಂತಾಲ್ಚೀನೊಗೆ ಹೊರಟೂ ಹೋದ. ಬಿಂದೊನ ಗೋಡೆಯಲ್ಲಿ ಆಕಾಶದ ಒಂದು ಮೂಲೆ ಮಾತ್ರ ಬಾಕಿಯಿತ್ತು. ಇಗರ್ಜಿಯಲ್ಲಿ ಅವನೂ ಮೆಯೊನೂ ಇಬ್ಬರೇ. ಮೆಯೊ ಸುಣ್ಣ ಕಲಸಲು ಅಂಗಳಕ್ಕೆ ಹೋದಾಗ, ಎದುರಿನ ಬಟ್ಟೆ ಒಂದಿಷ್ಟು ಸರಿಸಿದರೆ ಪ್ರಳಯವೇನೂ ಆಗುವುದಿಲ್ಲ ಎಂದುಕೊಂಡು ಬಿಂದೊ ಒಳಗೆ ನುಗ್ಗಿಯೇಬಿಟ್ಟ.

ನುಗ್ಗಬಾರದಿತ್ತು. ಸಮಾಧಿಯ ಕಲ್ಲಿನ ಪಕ್ಕ ಲಾಂದೊನ ಮೇರಿ ಮಾತೆ ನಿಂತಿದ್ದಳು. ಕೆನ್ನೆಯ ಮೇಲೆ ಕಣ್ಣೀರು ದಳದಳ ಇಳಿಯುತ್ತಿತ್ತು, ಎಡಗೈಯಿಂದ ಬಾಯಿ ಮುಚ್ಚಿಕೊಂಡಿದ್ದಳು. ಮೇರಿಯ ಬಾಯಿ ಮುಚ್ಚಿದ ಚಿತ್ರವನ್ನು ಬಿಂದೊ ಎಲ್ಲಿಯೂ ಕಂಡಿರಲಿಲ್ಲ. ಆ ಕೈಯೊಳಗಿನ ಕೂಗು ಅವನ ಕಿವಿಗೇ ಬಡಿದಂತಾಯಿತು. ಎಷ್ಟು ಸುಲಭವಾಗಿ ಮಾಡಿದ್ದಾನೆ ಬಡ್ಡಿಮಗ! ಇಂಥ ಉಪಾಯ ತನಗೇಕೆ ಹೊಳೆಯಲಿಲ್ಲ? ಬಿಂದೊ ಬಟ್ಟೆಯನ್ನು ಮತ್ತೆ ಎಳೆದು ಮುಚ್ಚಿ ಹೊರಗೆ ಬಂದ.

ತನ್ನ ಗೋಡೆಗೆ ಬಂದು ನೋಡಿದರೆ ಅವನ ಮೇರಿಯ ಮುಖ ಒಣಕಲಾಗಿ ಕಂಡಿತು. ಕಣ್ಣೀರಿಲ್ಲ, ಕೈಯಿಲ್ಲ, ಸುಮ್ಮನೆ ಬಾಯಿ ತೆರೆದ ಒಬ್ಬ ಹೆಂಗಸು. ಹೊಟ್ಟೆಕಿಚ್ಚಿನ ಕಣ್ಣು ಎಂಥದ್ದು ನೋಡಿ: ಎದುರಿನದನ್ನು ಇದ್ದದ್ದಕ್ಕಿಂತ ದೊಡ್ಡದು ಮಾಡಿ ತೋರಿಸುತ್ತದೆ, ಅಷ್ಟಕ್ಕೇ ಬಿಡದೆ ತನ್ನದನ್ನು ಕಸ ಮಾಡಿ ತೋರಿಸುತ್ತದೆ. ಬಿಂದೊ ಉಳಿ ತೆಗೆದುಕೊಂಡ.

ಸದ್ದು ಕೇಳಿ ಮೆಯೊ ಓಡಿಬಂದ. "ಮೇಸ್ತ್ರಿ! ಏನ್ ಮಾಡ್ತಿದೀರಾ? ಆ ಮುಖಾನಾ?"

"ಮುಖ ನಿಂದಲ್ವಲ್ಲ. ಗಾರೆ ಕಲಸು ಹೋಗು."

"ಚೆನ್ನಾಗಿತ್ತಲ್ಲ ಮೇಸ್ತ್ರಿ..."

"ಚೆನ್ನಾಗಿತ್ತು ಅಂತ ನಿನ್ನ ಕೇಳ್ದೋರು ಯಾರು? ಗಾರೆ ಬಳಿಯೋನು ಗಾರೆ ಬಳಿ."

ಮೆಯೊ ಮುಖ ಊದಿಸಿಕೊಂಡು ಹೋದ. ತುಟಿ, ಮೂಗು, ಕಣ್ಣು ಒಂದೊಂದಾಗಿ ಚೂರಾಗಿ ನೆಲಕ್ಕೆ ಉದುರಿದವು. ಬಿಂದೊ ಅವನ್ನು ನೋಡುವ ಗೋಜಿಗೂ ಹೋಗದೆ ಕಸದ ಬುಟ್ಟಿಗೆ ಬಳಿದ. ಮರುದಿನ ಹಸಿ ಗಾರೆಯ ಮೇಲೆ ಹೊಸ ಮುಖ ಬರೆದ. ಧಾರಾಳವಾಗಿ ಕಣ್ಣೀರು ಸುರಿಸಿದ. ಕೈ ಬಾಯಿಗೆ ತಂದರೆ ಕದ್ದದ್ದು ಗೊತ್ತಾದೀತೆಂದು ಮುಸುಕಿನ ತುದಿಯನ್ನು ಬಾಯಿಗೆ ಅಡ್ಡ ತಂದ. ಲಾಂದೊನದಕ್ಕಿಂತ ಎರಡರಷ್ಟು ಅಳಿಸಿದ್ದೇನೆ ಎಂದು ಸಮಾಧಾನ ಮಾಡಿಕೊಂಡ.

ಹಬ್ಬದ ದಿನ ಹಾಡು, ಮೇಣದಬತ್ತಿ, ಜನವೋ ಜನ. ಸಂಘದ ಯಜಮಾನ ಉಗೊಲೀನೊ, ಮೊಣಕೈಯವರೆಗೆ ನೀಲಿ ಬಣ್ಣ ಹತ್ತಿದ ಕೈಗಳವನು, ತಾನೇ ಮುಂದೆ ನಿಂತು ಎರಡೂ ಬಟ್ಟೆ ಕೆಳಗಿಳಿಸಿದ. ಜನ ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು, ಮತ್ತೆ ಎಡಕ್ಕೆ ನೋಡಿದರು. ಹಿಂದೆ ಯಾರೋ ಕಿಸಕ್ಕೆಂದರು.

"ಏನು ಬಿಂದೊ ಮೇಸ್ತ್ರಿ," ಎಂದ ಉಗೊಲೀನೊ, "ಈ ವಯಸ್ಸಲ್ಲಿ ಭಾವಮೈದುನನ ಹತ್ರ ಪಾಠಕ್ಕೆ ಸೇರ್ಕೊಂಡ್ರಾ? ನಿಮ್ಮ ಮಾತೆ ಇವನ ಮಾತೆಗೆ ತಂಗಿ ಆಗ್ಬೇಕಲ್ಲ!"

ಜನ ಜೋರಾಗಿಯೇ ನಕ್ಕರು. ಪೀಠದ ಹಿಂದಿನ ಗೋಡೆ ಲಾಂದೊಗೆ ಹೋಯಿತು. ತೆಸ್ಸಾ ತಮ್ಮನನ್ನು ತಬ್ಬಿಕೊಂಡು, ಗಂಡನ ಕಡೆ ನೋಡಿ, ತಬ್ಬಿದ ಕೈ ಸಡಿಲ ಮಾಡಿದಳು. ಅದು ಬಿಂದೊಗೆ ಸೋತದ್ದಕ್ಕಿಂತ ಹೆಚ್ಚು ಉರಿಯಿತು.

ಜನ ಹೊರಗೆ ಕುರಿಮಾಂಸ, ವೈನಿನ ಕಡೆ ಹೋದರು. ಬಿಂದೊ ತನ್ನ ಗೋಡೆಗೆ ಬೆನ್ನು ಕೊಟ್ಟು ನಿಂತಿದ್ದ. ಲಾಂದೊ ಹೊರಗೆ ಹೋಗದೆ ನೇರ ಅವನ ಹತ್ತಿರ ಬಂದ. ಗೆದ್ದವನ ಮುಖವೇ ಅಲ್ಲ ಅದು.

"ಭಾವ, ಆ ಮುಖ ಎಲ್ಲಿ?"

"ಯಾವ ಮುಖ?"

"ಮಾತೆ ಮುಖ. ಬಾಯಿ ಅರ್ಧ ತೆರೆದಿತ್ತಲ್ಲ, ಅದು."

ಬಿಂದೊ ತಿರುಗಿ ಅವನನ್ನು ದಿಟ್ಟಿಸಿದ. "ನೀನು ಯಾವಾಗ ನೋಡಿದ್ದು?"

"ತಪ್ಪಾಯ್ತು. ನೀವು ಬರೆದ ಮಾರನೇ ದಿನ, ನೀವು ಊಟಕ್ಕೆ ಹೋದಾಗ ಬಟ್ಟೆ ಸರಿಸಿ ನೋಡಿಬಿಟ್ಟೆ." ಲಾಂದೊ ತಲೆ ತಗ್ಗಿಸಿದ. "ಆಮೇಲೆ ಒಂದು ವಾರ ನನ್ನ ಕೈಗೆ ಕುಂಚ ಹತ್ತಲೇ ಇಲ್ಲ. ಹೊಟ್ಟೆ ಉರಿದುಹೋಯ್ತು ಭಾವ, ನಿಮ್ಮ ಎದುರಿಗೆ ಕೂತು ತಿಂದದ್ದೂ ಮೈಗೆ ಹತ್ಲಿಲ್ಲ. ಆ ತುಟಿ ಬರೆಯೋಕೆ ಮೂರು ಸಲ ಗಾರೆ ಕೀಳಿಸ್ದೆ. ಮೆಯೊನ್ನ ಕೇಳಿ ಬೇಕಾದ್ರೆ. ಬರ್ಲಿಲ್ಲ. ಕೊನೆಗೆ ಸಾಯ್ಲಿ ಅಂತ ಬಾಯಿಗೆ ಕೈ ಅಡ್ಡ ಇಟ್ಟೆ."

ಬಿಂದೊ ಎದುರಿನ ಗೋಡೆಯ ಮೇಲಿನ ಆ ಎಡಗೈಯನ್ನು ನೋಡಿದ.

"ಇವತ್ತು ಆ ಗೋಡೆ ನಿಮ್ಮದೇ ಅಂದ್ಕೊಂಡು ಬಂದಿದ್ದೆ. ನನ್ನ ಹೆಂಡ್ತಿಗೂ ದಾರಿಯುದ್ದಕ್ಕೂ ಅದನ್ನೇ ಹೇಳಿದ್ದೆ, ನೋಡು ನಮ್ಮ ಭಾವನ ಕೆಲಸ ಅಂತ. ಎಲ್ಲಿ ಭಾವ ಅದು?"

"ಕೆಡವಿದೆ."

"ಯಾಕೆ?"

ಬಿಂದೊ ಎದುರಿನ ಗೋಡೆಯ ಕಡೆ ಕೈ ತೋರಿಸಿದ. ಲಾಂದೊ ಆ ಕಡೆ ನೋಡಿದ, ಮತ್ತೆ ಭಾವನ ಮುಖ ನೋಡಿದ. ಅವನಿಗೆ ಅರ್ಥವಾಯಿತು. ನಗಲಿಲ್ಲ, ಸಮಾಧಾನವನ್ನೂ ಹೇಳಲಿಲ್ಲ, ನೆಲದ ಮೇಲೆ ಕುಕ್ಕರಿಸಿ ತಲೆ ಮೇಲೆ ಕೈಹೊತ್ತು ಕೂತುಬಿಟ್ಟ.

ಬಿಂದೊ ಕಣ್ಣು ಮುಚ್ಚಿ ಆ ತುಟಿಯನ್ನು ನೆನೆಸಿಕೊಳ್ಳಲು ನೋಡಿದ. ಬರೆದದ್ದು ಅವನೇ, ಕೆಡವಿದ್ದೂ ಅವನೇ. ಆದರೂ ಕಣ್ಣಿಗೆ ಬಂದದ್ದು ಮುಸುಕು, ಕಣ್ಣೀರು, ಎಡಗೈ, ಇಷ್ಟೇ. ಮತ್ತೆ ಮತ್ತೆ ನೋಡಿದ, ಎದುರುಗೋಡೆಯವಳೇ ಬಂದು ಅಡ್ಡ ನಿಂತಳು. ಆ ಮುಖ ಈಗ ಉಳಿದಿದ್ದರೆ ಈ ಹುಡುಗನ ತಲೆಯೊಳಗೆ. ಪೀಠದ ಗೋಡೆ ಅವನಿಗೆ ಹೋಗಿತ್ತು, ಈಗ ಇದೂ ಅವನದೇ ಆಗಿತ್ತು. ಬಿಂದೊಗೆ ಲಾಂದೊನ ಮೇಲೆ ಬದುಕಿನಲ್ಲಿ ಎಂದೂ ಆಗದಷ್ಟು ಹೊಟ್ಟೆಕಿಚ್ಚಾಯಿತು.

ಕತ್ತಿನ ನೋವನ್ನೂ ಲೆಕ್ಕಿಸದೆ ಅವನ ಪಕ್ಕದಲ್ಲೇ ನೆಲಕ್ಕೆ ಕೂತ.

"ಹೇಳೋ ಲಾಂದೊ," ಎಂದ, "ಹೇಗಿತ್ತೋ ಅದು?"