ಗೋಣಿಚೀಲದ ಮೇಲಿನ ಎಣ್ಣೆ

ಆ ಘಾಟು ಇನ್ನೂ ಹೋಗಿಲ್ಲ, ಮೂರು ಸಲ ಸಾಬೂನು ಹಚ್ಚಿ ತೊಳೆದರೂ ಶೈಲಜಾಳ ಬೆರಳಲ್ಲಿ ಕ್ಲೋರಿನ್ ಪುಡಿಯ ವಾಸನೆ ಕೂತೇ ಇದೆ, ಎದುರಿಗೆ ಈಜುಕೊಳದ ಮಾಲೀಕರು, ಬಸಲಿಂಗಪ್ಪ ಸಾವ್ಕಾರರು, ಅವಳು ಟಿಕೆಟ್ ಹರಿಯುವ ಮೇಜಿನ ಮೇಲೇ ಕಾಗದ ಹರಡಿ ಪೆನ್ನು ಚಾಚಿದ್ದಾರೆ, ಸಹಿ ಮಾಡವಾ, ಉಮೇರ ಬೀಡಿ ಸೇದಿ ಒಗದಾನ, ಅದಕ್ಕ ಬೆಂಕಿ ಹತ್ತೇತಿ, ಇಷ್ಟ ಬರದೇನಿ — ಬೀಡಿಯಂತೆ ಬೀಡಿ! ಎಲೆ ಅಡಿಕೆಯನ್ನೂ ಹಾಕದವನು ಬೆಳಗಾವಿಯ ಆಸ್ಪತ್ರೆಯಲ್ಲಿ ಎರಡೂ ಕೈಗೆ ಬ್ಯಾಂಡೇಜು ಸುತ್ತಿಸಿಕೊಂಡು ಮಲಗಿದ್ದಾನೆ, ನೀರಿಗೆ ಹಾಕುವ ಪುಡಿಯನ್ನು ಅಳೆದು ಹಾಕುತ್ತಿದ್ದ ಕೈ ಅವು, ಇವರಿಗೆ ನಾಚಿಕೆ ಅನ್ನುವುದು ಇದೆಯೇ, ಕೊಳ ತೆರೆದಾಗ ಸವದತ್ತಿಯಿಂದ ಮುನವಳ್ಳಿಯವರೆಗೆ ಬ್ಯಾನರ್ ಕಟ್ಟಿಸಿದರು, ಪುಡಿಯ ಡ್ರಮ್ಮಿನ ಮುಚ್ಚಳ ಒಡೆದಿದೆ ಅಂದರೆ ಗೋಣಿಚೀಲ ಹೊಚ್ಚು ಅಂದರು, ಮೇಲೆ ಅಮಾವಾಸ್ಯೆ ಬಂತೆಂದರೆ ಮೋಟರಿಗೆ ಪೂಜೆ, ಪಂಪಿಗೆ ಪೂಜೆ, ಆ ಡ್ರಮ್ಮಿಗೂ ವಿಭೂತಿ, ಉಮೇರ ಎಷ್ಟು ಸಲ ಕೈ ಮುಗಿದ, ಸಾವ್ಕಾರ್ರ, ಪೂಜಿ ಹೊರಗ ಮಾಡ್ರಿ, ಈ ಪುಡಿಗೆ ಎಣ್ಣಿ ಹತ್ತಬಾರದ್ರಿ, ಕಡ್ಡಿ ಗೀರದಿದ್ರೂ ತಾನ ಹೊತ್ತಗೋತೈತಿ — ನಮ್ಮ ಪೂಜಿ ನಮಗ ಕಲಸ್ತೀಯೇನೋ ಅಂತ ಇವರು ಅವನ ಬಾಯಿ ಮುಚ್ಚಿಸಿದರು, ಈ ಅಮಾವಾಸ್ಯೆಗೂ ಶೈಲಜಾ ದೀಪವಿದ್ದ ಪೂಜೆಯ ತಟ್ಟೆಯನ್ನು ಡ್ರಮ್ಮಿನ ಗೋಣಿಚೀಲದ ಮೇಲೆ ಇಟ್ಟಳು, ಎಣ್ಣೆ —

ಇಲ್ಲ, ಅದು ಆಮೇಲೆ. ಮೊದಲು ಕಾಯಿ ಒಡೆದದ್ದು, ಪ್ರಸಾದ ಹಂಚಿದ್ದು, ಹೊಗೆ, ಭಗ್ಗೆಂದು ಉರಿ, ಕೊಳದಲ್ಲಿ ಹನ್ನೊಂದು ಮಕ್ಕಳು, ಉಮೇರ ಉರಿಯುವ ಡ್ರಮ್ಮನ್ನು ಬರಿಗೈಯಲ್ಲಿ ಬಯಲಿಗೆ ಎಳೆದು ಪೈಪಿನಿಂದ ನೀರು ಬಿಟ್ಟೇ ಬಿಟ್ಟ, ಈ ಸಾವ್ಕಾರರು ಎಲ್ಲರಿಗಿಂತ ಮೊದಲು ಗೇಟು ದಾಟಿದರು, ಈಗ ಪೆನ್ನು ಕೊಡುತ್ತಾರೆ, ಸುಡಲಿ ಇವರ ಪೆನ್ನು, ನಾಳೆ ಉಮೇರನ ತಾಯಿ ಜುಬೇದಾಬಿ ಬಂದು ಬೇಟಿ, ನೀ ಅಲ್ಲೇ ಇದ್ದೆಲ್ಲ ಅಂದರೆ ಏನು ಹೇಳುವುದು, ಬೀಡಿ ಎಂಬಲ್ಲಿ ಶೈಲಜಾ ಕಾಗದ ಹರಿಯುವ ಹಾಗೆ ಗೀಟು ಎಳೆದಳು, ಏ ಹುಚ್ಚಿ, ಏನ ಮಾಡಾಕ ಹತ್ತೀದಿ, ಎಳೆದಳು, ಮೇಲೆ ಎಣ್ಣೆ ಎಂದು ಬರೆದಳು, ದೀಪ ಸಣ್ಣಾಗೇತಿ, ಎಣ್ಣಿ ಹಾಕವಾ ಅಂದವರು ಇವರು, ಅದನ್ನೂ ಬರೆದಳು, ಹಾಕಿದವರು — ಉಮೇರ ಅವಳಿಗೂ ಹೇಳಿದ್ದನಲ್ಲ, ಅಕ್ಕಾರ, ನೀವರ ಕೇಳ್ರಿ ಅಂದಿದ್ದನಲ್ಲ, ಹಾಕಿದವರು — ಪೆನ್ನು ನಿಂತಿತು, ಬಾಟಲಿ ಬಗ್ಗಿಸಿದ ಈ ಕೈ, ದೀಪ ತುಂಬಿ ತುಳುಕಿದ ಎಣ್ಣೆ, ಗೋಣಿಚೀಲದ ಮೇಲೆ ಅಗಲವಾಗುತ್ತಾ ಹೋದ ಎಣ್ಣೆ, ಎಣ್ಣೆ.